ಕುರೂಪಿ ರಾಜನ ಎರಡು ಕುದುರೆಗಳು

ಬಹಳ ದಿನದಿಂದ ನೋಡಬೇಕು ಅಂದ್ಕೊಂಡಿದ್ದ 'ಉಮುತ್' (1970) ಚಿತ್ರವನ್ನು ಮೊನ್ನೆ ಭಾನುವಾರ ಅಂತೂ ನೋಡಿ ಮುಗಿಸಿದೆ. ಟರ್ಕಿಯ ಯಿಲ್ಮಾಜ್ ಗುನೇ ನಿರ್ದೇಶಿಸಿ, ತಾನೇ ಮುಖ್ಯಪಾತ್ರ ಮಾಡಿದ ಚಿತ್ರ. ಉಮುತ್ ಅಂದ್ರೆ ಭರವಸೆ.

ಅದಾನಾ ಪಟ್ಟಣದ ಜಟಕಾದವನು ಜಬ್ಬಾರ್. ಮನೆ ತುಂಬ ಮಕ್ಕಳು, ಮೈತುಂಬ ಸಾಲ, ಜೇಬಲ್ಲೊಂದು ಲಾಟರಿ ಟಿಕೆಟ್. ಒಂದು ದಿನ ಕಾರೊಂದು ಗುದ್ದಿ ಅವನ ಕುದುರೆ ಸಾಯುತ್ತೆ. ನ್ಯಾಯ ಕಾರಿನವನ ಕಡೆಗೇ. ಕೊನೆಗೆ ನಿಧಿ ಹುಡುಕೋಕೆ ಹೊರಡ್ತಾನೆ. ಕಣ್ಣಿಗೆ ಬಟ್ಟೆ ಕಟ್ಟಿಕೊಂಡು ಬಯಲಲ್ಲಿ ಗಿರಗಿರ ಸುತ್ತುವ ಅವನ ಕೊನೆಯ ದೃಶ್ಯ ಇನ್ನೂ ಕಣ್ಣಿಂದ ಹೋಗಿಲ್ಲ. ಟರ್ಕಿಯ ಸೆನ್ಸಾರ್ ಈ ಚಿತ್ರವನ್ನು ನಿಷೇಧಿಸಿತ್ತು!

ಈ ಗುನೇ ಹುಟ್ಟಿದ್ದು 1937ರಲ್ಲಿ, ಅದಾನಾದ ಹತ್ತಿರದ ಹಳ್ಳಿಯೊಂದರ ಕುರ್ದ್ ಬಡ ಮನೆಯಲ್ಲಿ. ಅರವತ್ತರ ದಶಕದಲ್ಲಿ ಹೊಡೆದಾಟದ ಚಿತ್ರಗಳ ದೊಡ್ಡ ಹೀರೋ. ಜನ ಪ್ರೀತಿಯಿಂದ ಕರೆದ ಹೆಸರು 'ಕುರೂಪಿ ರಾಜ'. ಕತೆ ಬರೆದ, ಕಾದಂಬರಿ ಬರೆದ. ಬರೆದ ಕತೆಗಾಗಿ 1961ರಲ್ಲೇ ಜೈಲಿಗೂ ಹೋದ.

ಜೈಲಲ್ಲಿದ್ದುಕೊಂಡೇ ಸಿನಿಮಾ ಮಾಡಿದ್ದು ಇನ್ನೂ ಸೋಜಿಗ. ಒಳಗೆ ಕೂತು ಚಿತ್ರಕತೆ ಬರೆಯೋದು, ಹೊರಗೆ ಗೆಳೆಯರು ಚಿತ್ರೀಕರಿಸೋದು. 'ಸುರು' (1978) ನಿರ್ದೇಶಿಸಿದ್ದು ಝೆಕಿ ಓಕ್ತೆನ್, 'ಯೋಲ್' ಷೆರಿಫ್ ಗೋರೆನ್. ರಜೆಯ ಮೇಲೆ ಊರಿಗೆ ಹೊರಟ ಐವರು ಕೈದಿಗಳ ಕತೆ 'ಯೋಲ್'. ತಮಾಷೆ ಅಂದ್ರೆ 1981ರಲ್ಲಿ ಗುನೇ ಕೂಡ ರಜೆ ಪಡೆದು ಹೊರಬಂದವನು ವಾಪಸ್ ಹೋಗಲೇ ಇಲ್ಲ! ದೇಶ ಬಿಟ್ಟು ಸ್ವಿಟ್ಜರ್ಲೆಂಡಲ್ಲಿ ಕೂತು ಸಂಕಲನ ಮುಗಿಸಿದ. 1982ರಲ್ಲಿ ಕಾನ್‌ನ ಪಾಮ್ ದೋರ್ 'ಯೋಲ್'ಗೂ ಕೋಸ್ತಾ ಗಾವ್ರಾಸ್‌ನ 'ಮಿಸ್ಸಿಂಗ್'ಗೂ ಹಂಚಿಕೆಯಾಯ್ತು. ತವರಲ್ಲಿ ಮಾತ್ರ ಅದು ತೆರೆಗೆ ಬರೋಕೆ 1999 ಆಗಬೇಕಾಯ್ತು.

ಇದನ್ನೆಲ್ಲ ರಾತ್ರಿ ಊಟದ ಹೊತ್ತಿಗೆ ಹೆಂಡತಿಗೆ ಉತ್ಸಾಹದಿಂದ ಹೇಳ್ತಾ ಇದ್ದೆ. ಅವಳು ಕೇಳಿದ್ದು ಒಂದೇ ಮಾತು: "ಅಲ್ಲಾರೀ, ಜೈಲಿಗೆ ಯಾಕೆ ಹಾಕಿದ್ರು?"

ಹೇಳಬೇಕಾಯ್ತು. 1974ರಲ್ಲಿ ಯುಮುರ್ತಾಲಿಕ್ ಎಂಬ ಊರಿನ ಹೋಟೆಲಲ್ಲಿ ಜಗಳವಾಗಿ ಒಬ್ಬ ನ್ಯಾಯಾಧೀಶ ಗುಂಡೇಟಿಗೆ ಸತ್ತ. ಕೊಂದವನು ಗುನೇ ಅಂತ ಕೋರ್ಟು 19 ವರ್ಷ ಶಿಕ್ಷೆ ಕೊಡ್ತು. ಅಂದ್ರೆ ಈ ಸಲ ಒಳಗೆ ಹೋದದ್ದು ಕತೆ ಬರೆದಿದ್ದಕ್ಕಲ್ಲ.

"ಸತ್ತವನ ಕತೆ ಯಾರು ಸಿನಿಮಾ ಮಾಡಿದ್ರು?" ಅಂದಳು. ನನ್ನ ಹತ್ತಿರ ಉತ್ತರ ಇರಲಿಲ್ಲ. ಸುಮ್ಮನೆ ಮಜ್ಜಿಗೆ ಬಡಿಸಿಕೊಂಡೆ.

ಆಮೇಲೆ ನಿದ್ದೆ ಬರಲಿಲ್ಲ. 'ಯೋಲ್' ಚಿತ್ರದಲ್ಲೂ ಒಂದು ಕುದುರೆ ಸಾಯುತ್ತೆ, ಹಿಮದಲ್ಲಿ. ತಪ್ಪು ಮಾಡಿದ್ದಾಳೆ ಅಂತ ಮನೆಯವರೇ ಕಟ್ಟಿಹಾಕಿದ ಹೆಂಡತಿಯನ್ನು ಕೊಲ್ಲಲು ಹೊರಟವನ ಕುದುರೆ ಅದು. ಕೊಲ್ಲಬೇಕು ಅಂತ ಹೋದವನೇ ಕೊನೆಗೆ ಅವಳನ್ನು ಬದುಕಿಸೋಕೆ ಒದ್ದಾಡ್ತಾನೆ. ಕೈ ಮೀರಿ ಹೋಗಿರುತ್ತೆ. ಒಂದು ಜೀವ ತೆಗೆದರೆ ಮತ್ತೆ ತರೋಕಾಗಲ್ಲ ಅನ್ನೋದನ್ನ ಇಷ್ಟು ಚೆನ್ನಾಗಿ ತಿಳಿದವನು.. ಅಂದ್ಕೊಂಡೆ. ಹಾಗಂತ ಅವನ ತಪ್ಪು ಮಾಫಿ ಆಗಲ್ಲ. ಸಿನಿಮಾ ಸುಳ್ಳೂ ಆಗಲ್ಲ.

ಗುನೇ 1984ರಲ್ಲಿ ಪ್ಯಾರಿಸ್‌ನಲ್ಲಿ ಕ್ಯಾನ್ಸರ್‌ನಿಂದ ತೀರಿಕೊಂಡ. 47 ವರ್ಷ ಅಷ್ಟೇ. ಊರಿಗೆ ಮರಳಲೇ ಇಲ್ಲ.

ಸಾಧ್ಯವಾದ್ರೆ 'ಉಮುತ್' ನೋಡಿ. ಹೆಂಡತಿಯನ್ನೂ ಕೂರಿಸಿಕೊಂಡು 'ಯೋಲ್' ಇನ್ನೊಮ್ಮೆ ನೋಡಬೇಕು ಅಂತಿದೀನಿ. ಅವಳ ಪ್ರಶ್ನೆಗೆ ನಿಮ್ಮಲ್ಲಿ ಯಾರ ಹತ್ರವಾದ್ರೂ ಉತ್ತರ ಇದ್ರೆ ಹೇಳಿ.