ಅಣ್ಣನ ಕಾಲು ಮತ್ತು ನಾವು ಕಳಿಸದ ಸುದ್ದಿ

ನಮ್ಮ ಅಣ್ಣ ಎರಡು ವರ್ಷದಿಂದ ಮದುವೆ ಮನೆಯಲ್ಲಿ ಪಂಕ್ತಿಗೆ ಕೂರುವುದಿಲ್ಲ. ತಾಟು ಹಿಡಿದು ಕಂಬಕ್ಕೆ ಒರಗಿ ನಿಂತೇ ಉಣ್ಣುತ್ತಾನೆ. ಗೊತ್ತಿಲ್ಲದವರು "ಏನಪಾ, ಪ್ಯಾಟಿ ಮಂದಿ ಗತೆ ನಿಂತ ಉಣ್ಣಾಕ ಹತ್ತೀಯಲ್ಲ" ಎಂದು ನಗುತ್ತಾರೆ. ಅವನೂ ನಗುತ್ತಾನೆ. ಕೂತರೆ ಎಡಗಡೆ ಪಿರ್ರೆಯಿಂದ ಕಾಲಿನ ಹೆಬ್ಬೆರಳವರೆಗೆ ಕಾದ ತಂತಿ ಎಳೆದಂತಾಗುತ್ತದೆ ಎಂದು ಊಟದ ಹೊತ್ತಿನಲ್ಲಿ ಯಾರಿಗೆ ಹೇಳುವುದು?

ಆ ನೋವು ನಿಜ ಎಂದು ನಂಬಲು ನಮ್ಮ ಮನೆಗೆ ಆರು ತಿಂಗಳು ಬೇಕಾಯಿತು. ಅದನ್ನೇ ಇಲ್ಲಿ ಬರೆಯುತ್ತಿದ್ದೇವೆ. ನಿಮ್ಮ ಓಣಿಯಲ್ಲೂ ಸೊಂಟದ ಆಪರೇಷನ್ ಮಾಡಿಸಿಕೊಂಡು "ಮತ್ತೆ ನೋವು ಬಂತು" ಎನ್ನುವವರು ಒಬ್ಬರಾದರೂ ಇದ್ದಾರು.

ನಮ್ಮದು ಹಾವೇರಿ ಜಿಲ್ಲೆಯ ಒಂದು ಹಳ್ಳಿ. ನಾಲ್ಕು ಎಕರೆ ಹೊಲ, ಗೋವಿನಜೋಳ ಮತ್ತು ಹತ್ತಿ. ಅಣ್ಣ ಹೊಲ ನೋಡಿಕೊಂಡು ಹದಿನೈದು ವರ್ಷ ಬೇರೆಯವರ ಟ್ರ್ಯಾಕ್ಟರ್ ಹೊಡೆದವನು. ನಾವು ಪತ್ರಿಕೋದ್ಯಮದ ಡಿಪ್ಲೊಮಾ ಮುಗಿಸಿ ಸ್ಟ್ರಿಂಜರ್ ಆದವರು. ಒಂದು ಸುದ್ದಿಗೆ ಇಷ್ಟು ಎಂದು ಲೆಕ್ಕ. ಸುದ್ದಿ ಇಲ್ಲದ ತಿಂಗಳು ಮನೆ ನಡೆದದ್ದು ಅಣ್ಣನ ದುಡಿಮೆಯಿಂದ.

50 ಕೆಜಿಯ ಡಿಎಪಿ ಚೀಲ ಇಳಿಸುವಾಗ ಅವನ ಸೊಂಟ ಹಿಡಿಯಿತು. ಮೂರು ತಿಂಗಳು ಮಾತ್ರೆ, ಬೆಲ್ಟ್, ಎಣ್ಣೆ ತಿಕ್ಕುವುದು ಎಲ್ಲ ಆಯಿತು. ಕಾಲಿನ ಹೆಬ್ಬೆರಳನ್ನು ಮೇಲೆತ್ತಲು ಬಾರದಂತಾದಾಗ ಹೆದರಿ ಹುಬ್ಬಳ್ಳಿಗೆ ಕರೆದೊಯ್ದೆವು. ಸೊಂಟದ ನಾಲ್ಕನೇ ಮತ್ತು ಐದನೇ ಮೂಳೆಯ ನಡುವಿನ ಡಿಸ್ಕ್ ಹೊರಬಂದು ಕಾಲಿಗೆ ಹೋಗುವ ನರವನ್ನು ಒತ್ತುತ್ತಿದೆ, ಆಪರೇಷನ್ ಆಗಬೇಕು ಎಂದರು. ಸೊಸೈಟಿಯಲ್ಲಿ ಸಾಲ ಮಾಡಿದೆವು. ಅತ್ತಿಗೆಯ ಬೋರಮಾಳ ಸರ ಅಡವಿಗೆ ಹೋಯಿತು. ದೀಪಾವಳಿ ಮುಗಿದ ವಾರ ಆಪರೇಷನ್ ಆಯಿತು.

ಮರುದಿನವೇ ಕಾಲಿನ ಸೆಳೆತ ನಿಂತಿತು. ಅಣ್ಣ ಹೆಬ್ಬೆರಳು ಎತ್ತಿ ತೋರಿಸಿದಾಗ ಅವ್ವ ಆಸ್ಪತ್ರೆಯ ವಾರ್ಡಿನಲ್ಲೇ ಕೈಮುಗಿದಳು.

ಹೋಳಿ ಹುಣ್ಣಿಮೆ ಹೊತ್ತಿಗೆ ನೋವು ಮರಳಿತು. ಮೊದಲು ಜೋಮು, ಆಮೇಲೆ ಉರಿ. ಅದೇ ಕಾಲು, ಅದೇ ದಾರಿ. ಆಪರೇಷನ್ ಮಾಡಿದಲ್ಲಿಗೇ ಮತ್ತೆ ಹೋದೆವು. ಎಕ್ಸ್‌ರೇ ನೋಡಿ, "ಆಪರೇಷನ್ ಸರಿಯಾಗಿ ಆಗಿದೆ, ಏನೂ ಇಲ್ಲ, ವಿಶ್ರಾಂತಿ ತಗೊಳ್ಳಿ" ಎಂದು ಎರಡು ನಿಮಿಷದಲ್ಲಿ ಕಳಿಸಿದರು.

ಈ "ಏನೂ ಇಲ್ಲ" ಎಂಬ ಮಾತು ನಮ್ಮ ಮನೆಯಲ್ಲಿ ಮಾಡಿದ ಹಾನಿ ಇನ್ನಾವುದೂ ಮಾಡಲಿಲ್ಲ. ಡಾಕ್ಟರೇ ಏನೂ ಇಲ್ಲ ಎಂದ ಮೇಲೆ ಅಣ್ಣ ಹೇಳುವುದೇನು? ಊರಿನಲ್ಲಿ ಎರಡು ಮಾತು ಹುಟ್ಟಿದವು. ಕಟ್ಟೆಯ ಮೇಲೆ ಕೂತವರು "ನರಾ ಕಡದಾರ ನೋಡ್ರಿ, ಬೆನ್ನಿಗೆ ಕತ್ತಿ ಹಚ್ಚಬಾರದಿತ್ತು" ಎಂದರು. ಹಿಂದಿನಿಂದ ಇನ್ನು ಕೆಲವರು "ಕುಂತ ಉಣ್ಣೂದು ರೂಢಿ ಆತು" ಎಂದರು.

ಎರಡನೆಯ ಮಾತನ್ನು ನಾವೂ ಆಡಿದೆವು. ಜಾತ್ರೆಯ ಸಂಜೆ ಅಣ್ಣ ಮಗಳ ಕೈ ಹಿಡಿದು ಒಂದು ತಾಸು ಅಂಗಡಿ ಸುತ್ತಿದ್ದ. ಮರುದಿನ ಬೆಳಿಗ್ಗೆ ಹೊಲಕ್ಕೆ ನೀರು ಹಾಯಿಸಲು ಏಳಲಿಲ್ಲ. ನಾವು ಬಾಗಿಲಲ್ಲಿ ನಿಂತು, "ಜಾತ್ರ್ಯಾಗ ನಡ್ಯಾಕ ಕಾಲ ಬರ್ತಾವು, ಹೊಲಕ್ಕ ಹೋಗಾಕ ಬರಂಗಿಲ್ಲೇನು?" ಎಂದೆವು. ಅವನು ಗೋಡೆ ಕಡೆ ಮುಖ ಮಾಡಿದ. ಅಂದಿನಿಂದ ಅವನು ನೋವು ಎನ್ನುವುದನ್ನೇ ಬಿಟ್ಟ. ಗುಣವಾಗುತ್ತಿದೆ ಎಂದು ನಾವು ತಿಳಿದೆವು.

ಶ್ರಾವಣದ ಒಂದು ರಾತ್ರಿ, ಎರಡು ಗಂಟೆ ಇರಬೇಕು, ಎಚ್ಚರವಾಗಿ ಹಿತ್ತಲಿಗೆ ಹೋದೆವು. ಅಣ್ಣ ಕತ್ತಲಲ್ಲಿ ಬಣವೆಯ ಸುತ್ತ ಬರಿಗಾಲಲ್ಲಿ ನಡೆಯುತ್ತಿದ್ದ. ಯಾಕೆ ಎಂದರೆ, "ಕುಂತ್ರ ಸುಡತೈತಿ ತಮ್ಮಾ, ಮಲಗಿದ್ರ ಸುಡತೈತಿ. ನಡದ್ರ ಒಂದೀಟು ಕಡಿಮಿ. ನೀವೆಲ್ಲಾ ಏಳ್ತೀರಿ ಅಂತ ಚಪ್ಪಲಿ ಹಾಕ್ಕೊಂಡಿಲ್ಲ" ಎಂದ. ಎಷ್ಟು ದಿನದಿಂದ ಹೀಗೆ ಎಂದು ಕೇಳುವ ಧೈರ್ಯ ನಮಗೆ ಆಗಲಿಲ್ಲ.

ನಮ್ಮ ಮೇಲಿನ ಸಿಟ್ಟನ್ನು ನಾವು ಆಸ್ಪತ್ರೆಯ ಕಡೆ ತಿರುಗಿಸಿದೆವು. ಬೆಳಗಾಗುವುದರೊಳಗೆ ಫೋನಿನಲ್ಲಿ ಸುದ್ದಿ ಟೈಪ್ ಆಗಿತ್ತು. ತಲೆಬರಹ: "ವೈದ್ಯರ ನಿರ್ಲಕ್ಷ್ಯ: ರೈತನ ನರಕ್ಕೆ ಕತ್ತರಿ". ಡೆಸ್ಕಿನವರು ಇಂಥದ್ದನ್ನು ಬೇಡ ಎನ್ನುವುದಿಲ್ಲ. ಆದರೆ ಇನ್ನೊಂದು ಕಡೆಯ ಮಾತು ಕೇಳದೆ ಕಳಿಸಬಾರದು ಎಂದು ಕ್ಲಾಸಿನಲ್ಲಿ ಕಲಿತದ್ದು ಅಡ್ಡ ಬಂತು. ನರ ಕಡಿದದ್ದು ಹೌದು ಎಂದು ಇನ್ನೊಬ್ಬ ಡಾಕ್ಟರ ಬಾಯಿಂದ ಹೇಳಿಸಿದರೆ ಸುದ್ದಿ ಗಟ್ಟಿಯಾಗುತ್ತದೆ ಎಂದುಕೊಂಡೆವು. ನಿಜ ಹೇಳಬೇಕೆಂದರೆ ಬೇರೆ ಊರಿನ ಸರಕಾರಿ ಆಸ್ಪತ್ರೆಯ ನರರೋಗ ಸರ್ಜನ್ ಬಳಿ ಅಣ್ಣನನ್ನು ಕರೆದೊಯ್ದದ್ದು ಆ ಒಂದು ವಾಕ್ಯಕ್ಕಾಗಿ.

ಅವರು ಮೊದಲು ಕಾಲು ಎತ್ತಿಸಿ, ಬೆರಳು ಎಳೆಸಿ, ಸೂಜಿಯಿಂದ ಚುಚ್ಚಿ ನೋಡಿದರು. ಮೂತ್ರಪಿಂಡದ ರಕ್ತ ಪರೀಕ್ಷೆ ಮಾಡಿಸಿ, ಆಮೇಲೆ ಎಂಆರ್‌ಐ ಬರೆದುಕೊಟ್ಟರು. ಈ ಸಲದ ಸ್ಕ್ಯಾನಿನಲ್ಲಿ ನಡುವೆ ಕೈಯ ನರಕ್ಕೆ ಗ್ಯಾಡೊಲಿನಿಯಂ ಎಂಬ ಔಷಧ ಕೊಟ್ಟು ಮತ್ತೆ ಚಿತ್ರ ತೆಗೆದರು. ಇದಕ್ಕೆ ಕಾರಣವಿದೆ. ಗಾಯ ಮಾಯ್ದ ಜಾಗದಲ್ಲಿ ಸಣ್ಣ ರಕ್ತನಾಳಗಳಿರುತ್ತವೆ, ಔಷಧ ಅಲ್ಲಿ ಸೇರಿ ಬೆಳ್ಳಗೆ ಹೊಳೆಯುತ್ತದೆ. ಹೊರಬಂದ ಡಿಸ್ಕಿನ ತುಣುಕಿಗೆ ರಕ್ತನಾಳ ಇಲ್ಲದ್ದರಿಂದ ಅದು ಕಪ್ಪಗೇ ಉಳಿಯುತ್ತದೆ. ಮತ್ತೆ ಡಿಸ್ಕ್ ಹೊರಬಂದಿದೆಯೋ ಅಥವಾ ಗಾಯದ ಗಂಟೋ ಎಂದು ಗುರುತಿಸುವುದು ಹೀಗೆ. ಎಕ್ಸ್‌ರೇಯಲ್ಲಿ ಕಾಣುವುದು ಮೂಳೆ. ಗಾಯದ ಗಂಟೂ ಕಾಣದು, ನರವೂ ಕಾಣದು.

ಅಣ್ಣನ ಸ್ಕ್ಯಾನಿನಲ್ಲಿ ನರದ ಸುತ್ತ ಬೆಳ್ಳಗೆ ಹೊಳೆಯಿತು. ಡಾಕ್ಟರು ಅಣ್ಣನನ್ನು ಕೇಳಿದರು: "ಬೇಲಿ ತಂತಿಯನ್ನು ಬೇವಿನ ಮರಕ್ಕೆ ಹೊಡೆದಿರ್ತೀರಲ್ಲ, ಹತ್ತು ವರ್ಷ ಬಿಟ್ಟು ನೋಡಿದರೆ ಏನಾಗಿರ್ತದೆ?"

"ಮರ ನುಂಗಿರತೈತ್ರಿ."

"ನಿಮ್ಮ ನರ ಆ ತಂತಿ ಇದ್ದಂಗೆ. ಯಾರೂ ಕಡಿದಿಲ್ಲ. ಗಾಯ ಮಾಯುವಾಗ ತೊಗಟೆ ಅದರ ಸುತ್ತ ಬೆಳೆದಿದೆ."

ನಮಗೆ ಅರ್ಥವಾದಷ್ಟು ಹೇಳುತ್ತೇವೆ. ಬೆನ್ನುಮೂಳೆಯ ಕೊಳವೆಯೊಳಗೆ ನರಗಳ ಚೀಲದ ಸುತ್ತ ಮೆತ್ತನೆಯ ಕೊಬ್ಬು ಇರುತ್ತದೆ. ನಾವು ಬಗ್ಗಿದಾಗ, ಕಾಲು ಚಾಚಿದಾಗ ನರದ ಬೇರು ಅದರಲ್ಲಿ ಕೆಲವು ಮಿಲಿಮೀಟರ್ ಅತ್ತಿತ್ತ ಜಾರುತ್ತದೆ. ಆಪರೇಷನ್ನಿನಲ್ಲಿ ಆ ಜಾಗ ತೆರೆದಾಗ ರಕ್ತ ಸೇರಿ ಹೆಪ್ಪುಗಟ್ಟುತ್ತದೆ. ಕೆಲವು ವಾರಗಳಲ್ಲಿ ಅದೇ ಗಟ್ಟಿ ನಾರಾಗುತ್ತದೆ. ನಾರು ನರಕ್ಕೆ ಅಂಟಿಕೊಂಡರೆ ನರ ಜಾರುವುದಿಲ್ಲ, ಎಳೆದಂತಾಗುತ್ತದೆ. ಇದಕ್ಕೆ ಎಪಿಡ್ಯೂರಲ್ ಫೈಬ್ರೋಸಿಸ್ ಎನ್ನುತ್ತಾರೆ. ಬೆನ್ನು ತೆರೆದ ಹೆಚ್ಚುಕಡಿಮೆ ಎಲ್ಲರಿಗೂ ಈ ನಾರು ಸ್ವಲ್ಪವಾದರೂ ಬೆಳೆಯುತ್ತದೆ, ಬಹಳ ಜನರಿಗೆ ಅದರಿಂದ ತೊಂದರೆ ಆಗುವುದಿಲ್ಲ. ಆದ್ದರಿಂದ ಸ್ಕ್ಯಾನಿನಲ್ಲಿ ನಾರು ಕಂಡ ಮಾತ್ರಕ್ಕೆ ನೋವಿಗೆ ಅದೇ ಕಾರಣ ಎನ್ನಲಾಗದು. ಬೇರೆ ಕಾರಣಗಳನ್ನೂ ಒಂದೊಂದಾಗಿ ನೋಡಿ ಬಿಡಬೇಕು.

"ಹಂಗಾದ್ರ ಮತ್ತ ಕೊಯ್ದು ತಗದ ಬಿಡ್ರಿ" ಎಂದ ಅಣ್ಣ. ಇನ್ನೊಂದು ಎಕರೆ ಅಡವಿಡಲು ಅವನು ಮನಸ್ಸು ಗಟ್ಟಿ ಮಾಡಿಕೊಂಡೇ ಬಂದಿದ್ದ.

ಡಾಕ್ಟರು ಬೇಡ ಎಂದರು. ಗಾಯದಿಂದ ಹುಟ್ಟಿದ್ದನ್ನು ತೆಗೆಯಲು ಮತ್ತೆ ಗಾಯ ಮಾಡಬೇಕು, ಆ ಗಾಯ ಮತ್ತೆ ನಾರು ಬೆಳೆಸುತ್ತದೆ. ಅಂಟಿದ ನಾರು ಬಿಡಿಸುವಾಗ ನರಕ್ಕೇ ಪೆಟ್ಟಾಗಬಹುದು. ಡಿಸ್ಕ್ ಮತ್ತೆ ಹೊರಬಂದಿದ್ದರೆ ಲೆಕ್ಕ ಬೇರೆ, ಆಗ ಎರಡನೇ ಆಪರೇಷನ್ನಿಗೆ ಅರ್ಥವಿದೆ. ಬರೀ ನಾರಿಗೆ ಸಾಮಾನ್ಯವಾಗಿ ಕತ್ತಿ ಹಿಡಿಯುವುದಿಲ್ಲ.

ಹಾಗಾದರೆ ಏನು ಮಾಡಿದೆವು? ನರದ ಉರಿಗೆ ಬೇರೆ ಮಾತ್ರೆ ಕೊಟ್ಟರು: ಗ್ಯಾಬಪೆಂಟಿನ್, ಪ್ರಿಗ್ಯಾಬಲಿನ್ ಜಾತಿಯವು. ಇವು ತಲೆ ತಿರುಗಿಸಿ ನಿದ್ದೆ ತರುತ್ತವೆ. ಶುರುವಿನಲ್ಲಿ ಬೈಕ್, ಟ್ರ್ಯಾಕ್ಟರ್ ಮುಟ್ಟಬಾರದು, ಕೇಳದೆ ಒಮ್ಮೆಲೇ ನಿಲ್ಲಿಸಬಾರದು. ಊರಿನಲ್ಲಿ ನೋವಿಗೆಂದು ಚುಚ್ಚಿಸಿಕೊಳ್ಳುತ್ತಿದ್ದ ಡೈಕ್ಲೋಫೆನಾಕ್ ಇಂಜೆಕ್ಷನ್ ಬಿಡಿಸಿದರು. ಅದನ್ನು ಹೀಗೆ ತಿಂಗಳುಗಟ್ಟಲೆ ತಗೊಂಡರೆ ಹೊಟ್ಟೆಯಲ್ಲಿ ಹುಣ್ಣಾಗಬಹುದು, ಮೂತ್ರಪಿಂಡಕ್ಕೂ ಕೆಟ್ಟದ್ದು. ಬೆನ್ನಿನ ಕೆಳಗಿನಿಂದ ನರದ ಸುತ್ತ ಸ್ಟೀರಾಯ್ಡ್ ಇಂಜೆಕ್ಷನ್ ಒಮ್ಮೆ ಕೊಟ್ಟರು. ಎರಡು ತಿಂಗಳು ಆರಾಮ ಸಿಕ್ಕಿತು, ಆಮೇಲೆ ಅರ್ಧ ನೋವು ಮರಳಿತು. ತೆಳು ಕೊಳವೆ ತೂರಿಸಿ ನಾರು ಸಡಿಲಿಸುವುದು, ಬೆನ್ನಿನಲ್ಲಿ ವಿದ್ಯುತ್ ಯಂತ್ರ ಇಡುವುದು ದೊಡ್ಡ ಊರುಗಳಲ್ಲಿ ಇದೆಯಂತೆ. ಯಂತ್ರದ ಖರ್ಚು ಲಕ್ಷಗಳಲ್ಲಿ. ಅದು ನಮ್ಮ ಅಳತೆಯದಲ್ಲ.

ಹೆಚ್ಚು ಉಪಯೋಗಕ್ಕೆ ಬಂದದ್ದು ಖರ್ಚಿಲ್ಲದ್ದು. ದಿನಕ್ಕೆ ಎರಡು ಹೊತ್ತು ನಡಿಗೆ, ಫಿಸಿಯೋಥೆರಪಿಯವರು ಕಲಿಸಿದ ಕಾಲು ಚಾಚುವ ವ್ಯಾಯಾಮ, ಬೀಡಿ ಬಿಟ್ಟದ್ದು. ಇನ್ನೊಂದು ಪಾಠವನ್ನು ನಾವು ಮನೆಯವರು ಕಲಿಯಬೇಕಿತ್ತು: ನೋವು ಕಡಿಮೆ ಇದ್ದ ದಿನ ಎಲ್ಲ ಕೆಲಸ ಮುಗಿಸಲು ಹೋದರೆ ಮುಂದಿನ ಎರಡು ದಿನ ಹಾಸಿಗೆ. ಜಾತ್ರೆಯ ಮರುದಿನ ಅವನು ಏಳಲಾಗದೆ ಹೋದದ್ದು ಇದರಿಂದಲೇ. ನಾವು ನಾಟಕ ಎಂದದ್ದು ಇದಕ್ಕೆ.

ಇಂಥ ನೋವಿಗೆ ಇಂಗ್ಲಿಷಿನಲ್ಲಿ ಬಹಳ ಕಾಲದಿಂದ "ಫೇಲ್ಡ್ ಬ್ಯಾಕ್ ಸರ್ಜರಿ ಸಿಂಡ್ರೋಮ್" ಎಂಬ ಹೆಸರಿದೆ. ಅಂದರೆ ಆಪರೇಷನ್ ಫೇಲ್. ಹೆಸರು ಕೇಳಿದವರಿಗೆ ಡಾಕ್ಟರು ಇಲ್ಲವೇ ರೋಗಿ, ಯಾರೋ ಒಬ್ಬರು ತಪ್ಪು ಮಾಡಿದಂತೆ ಕಾಣುತ್ತದೆ. 2021ರಲ್ಲಿ ನೋವಿನ ತಜ್ಞರ ಒಂದು ಗುಂಪು ಆ ಹೆಸರು ಬಿಟ್ಟು, ಬೆನ್ನಿನಲ್ಲಿ ಉಳಿದುಕೊಂಡ ನೋವು ಎಂಬರ್ಥದ ಹೆಸರನ್ನು ಸೂಚಿಸಿತು. ತಲೆಬರಹ ಬರೆಯುವ ನಮಗೆ ಇದರ ತೂಕ ಗೊತ್ತು.

ನಮ್ಮ ತಲೆಬರಹ ಸುಳ್ಳಾಗಿತ್ತು. ಸುದ್ದಿ ಅಳಿಸಿದೆವು. ಹಾಗೆಂದು ಆಸ್ಪತ್ರೆಯದು ಏನೂ ತಪ್ಪಿಲ್ಲ ಎನ್ನುತ್ತಿಲ್ಲ. ನೋವು ಮರಳಬಹುದು ಎಂದು ಮೊದಲೇ ಯಾರೂ ಹೇಳಲಿಲ್ಲ. ಮರಳಿದಾಗ ಏನೂ ಇಲ್ಲ ಎಂದು ಕಳಿಸಿದರು. ಒಪ್ಪಿಗೆ ಪತ್ರ ಇಂಗ್ಲಿಷಿನಲ್ಲಿತ್ತು. ಅದಕ್ಕೆ ಸಾಕ್ಷಿ ಸಹಿ ಹಾಕಿದ್ದು ನಾವೇ. ಓದಿ ಬರೆದು ಹೊಟ್ಟೆ ಹೊರೆಯುವ ನಾವು ಅಂದು ಓದದೆ ಸಹಿ ಹಾಕಿದ್ದೆವು.

ಆದ್ದರಿಂದ ನಿಮ್ಮ ಮನೆಯಲ್ಲಿ ಯಾರಿಗಾದರೂ ಸೊಂಟದ ಆಪರೇಷನ್ ಎಂದರೆ ಮೊದಲೇ ಕೇಳಿ: ಆಪರೇಷನ್ ಇಲ್ಲದೆ ಕಾಯುವ ಹಾಗಿದೆಯೇ? ಗುಣವಾಗುವುದು ಕಾಲಿನ ಸೆಳೆತವೋ, ಸೊಂಟದ ನೋವೋ? ನೋವು ಮರಳಿದರೆ ಮುಂದೇನು? ಪತ್ರವನ್ನು ಕನ್ನಡದಲ್ಲಿ ಓದಿ ಹೇಳಿ ಎಂದು ಕೇಳಲು ನಾಚಬೇಡಿ.

ಇನ್ನೊಂದು ಮಾತು. ಮರಳಿದ ನೋವೆಲ್ಲ ಗಾಯದ ಗಂಟು ಎಂದು ಮನೆಯಲ್ಲೇ ತೀರ್ಮಾನಿಸಿ ಕೂರಬೇಡಿ. ಮೂತ್ರ ಕಟ್ಟಿದರೆ ಅಥವಾ ತಿಳಿಯದೆ ಹೋದರೆ, ಮಲದ ಹಿಡಿತ ತಪ್ಪಿದರೆ, ತೊಡೆಯ ಸಂದಿಯಲ್ಲಿ ಮುಟ್ಟಿದ್ದು ಗೊತ್ತಾಗದಿದ್ದರೆ, ಪಾದ ಜೋತುಬಿದ್ದರೆ, ಜ್ವರ ಬಂದು ಗಾಯದಲ್ಲಿ ಕೀವು ಕಂಡರೆ ಆ ದಿನವೇ ದೊಡ್ಡ ಆಸ್ಪತ್ರೆಗೆ ಹೋಗಬೇಕು. ಬೆಳಗಾಗಲಿ ಎಂದು ಕಾಯಬಾರದು.

ಅಣ್ಣ ಈಗ ಟ್ರ್ಯಾಕ್ಟರ್ ಹೊಡೆಯುವುದಿಲ್ಲ. ಎರಡು ಎಮ್ಮೆ ಕಟ್ಟಿದ್ದಾನೆ, ಕ್ಯಾನನ್ನು ಅರ್ಧ ಅರ್ಧ ತುಂಬಿ ಎರಡು ಸಲ ಡೇರಿಗೆ ಒಯ್ಯುತ್ತಾನೆ. ಬೋರಮಾಳ ಇನ್ನೂ ಬಿಡಿಸಿಲ್ಲ. ನೋವು ಪೂರ್ತಿ ಹೋಗಿಲ್ಲ, ಹೋಗುತ್ತದೆ ಎಂದು ಯಾರೂ ಹೇಳಿಲ್ಲ. ಆದರೆ ಈಗ ನೋವು ಎಂದರೆ ನೋವು ಎನ್ನುತ್ತಾನೆ, ನಾವು ಹೌದು ಎನ್ನುತ್ತೇವೆ. ರಾತ್ರಿ ನಡೆಯುವಾಗ ಚಪ್ಪಲಿ ಹಾಕಿಕೊಳ್ಳುತ್ತಾನೆ.

ಇದನ್ನು ಹಾಕುವ ಮೊದಲು ಅವನಿಗೆ ಓದಿ ಹೇಳಿದೆವು. ಎಮ್ಮೆ ಹಿಂಡುತ್ತಾ ನಿಂತಿದ್ದ ಅತ್ತಿಗೆಯ ಪಕ್ಕದಲ್ಲಿ ನಿಂತೇ ಕೇಳಿದ. ಜಾತ್ರೆಯ ಮಾತು ಬಂದಾಗ ತಲೆ ತಗ್ಗಿಸಿದವರು ನಾವು. ಕೊನೆಗೆ ಅವನು ಹೇಳಿದ್ದು ಇಷ್ಟೇ: "ಆರಲ್ಲೋ ತಮ್ಮಾ, ಏಳು ತಿಂಗಳು. ನಾ ಎಣಿಸೇನಿ."

ಮೇಲೆ ಆರು ಎಂದು ಬರೆದದ್ದನ್ನು ಹಾಗೇ ಬಿಟ್ಟಿದ್ದೇವೆ. ತಿದ್ದುಪಡಿ ಇಲ್ಲಿದೆ: ಏಳು.