ಒಲೆ ಮುಂದಿನ ಸುಳ್ಳುಗಳು

ಮಣಿಪುರದ ಮೈತೇಯಿ ಅಜ್ಜಿಯರು ಮೊಮ್ಮಕ್ಕಳಿಗೆ ಹೇಳುವ ಕತೆಗಳಿಗೆ ‘ಫುಂಗಾ ವಾರಿ’ ಎಂದು ಹೆಸರು. ಒಲೆಯ ಮುಂದೆ ಹೇಳಿದ್ದರಿಂದ ಅವು ಒಲೆಗತೆಗಳು. ಇಂಫಾಲ್ ಕಣಿವೆಯ ಚಳಿಗಾಲ, ಅನ್ನ ಇನ್ನೂ ಬೇಯುತ್ತಿದೆ, ಮಕ್ಕಳಿಗೆ ಹಸಿವೂ ನಿದ್ದೆಯೂ ಒಟ್ಟಿಗೇ ಬಂದಿವೆ. ಉಣ್ಣದೆ ಮಲಗಿಬಿಟ್ಟಾವು ಎಂಬ ಆತಂಕ ಅಜ್ಜಿಗೆ. ಕತೆ ಶುರುವಾಗಲು ಇದಕ್ಕಿಂತ ಗಟ್ಟಿ ಕಾರಣ ಬೇಕೆ?

ಈ ಕತೆಗಳಲ್ಲಿ ನನಗೆ ಬಲು ಇಷ್ಟವಾದದ್ದು ಅವುಗಳೊಳಗಿನ ಸುಳ್ಳು. ಸುಳ್ಳಾಡಬೇಡ ಎಂದು ಹಗಲೆಲ್ಲ ಗದರುವ ಹಿರಿಯರು ಕತ್ತಲಾದ ಮೇಲೆ ಸುಳ್ಳು ಹೇಳಿ ಬದುಕಿಕೊಂಡವರನ್ನೇ ಕೊಂಡಾಡುತ್ತಾರೆ. ‘ಲಾಯಿ ಖುತ್‌ಶಾಂಗ್ಬಿ’ ನೀಳಗೈಯ ದೆವ್ವ. ಗಂಡಸು ಪರಊರಿಗೆ ಹೋದ ಮನೆಯನ್ನು ಹುಡುಕಿ ಬಂದು, ಹೊರಗೆ ನಿಂತು, ಮಗುವಿನ ಅಪ್ಪ ಇದ್ದಾನೆಯೇ ಎಂದು ವಿಚಾರಿಸುತ್ತದೆ. ತಾಯಿ ಒಳಗಿನಿಂದಲೇ ‘ಇದ್ದಾನೆ’ ಎನ್ನುತ್ತಾಳೆ. ಅಷ್ಟಕ್ಕೇ ದೆವ್ವ ವಾಪಸ್! ಬಾಗಿಲ ಮೇಲೆ ‘ನಾಳೆ ಬಾ’ ಎಂದು ಬರೆದು ದೆವ್ವ ಸಾಗಹಾಕಿದ ನಮಗೆ ಈ ಜಾಣತನದ ರುಚಿ ಗೊತ್ತು.

ಎಲ್ಲಕ್ಕಿಂತ ಸೊಗಸು ಪೆಬೆತ್ ಹಕ್ಕಿಯದು. ಮುಷ್ಟಿಯಷ್ಟೂ ಇಲ್ಲದ ತಾಯಿಹಕ್ಕಿ, ರೆಕ್ಕೆ ಬಲಿಯದ ಮರಿಗಳು, ಕೆಳಗೆ ಕಾದು ಕೂತ ಬೆಕ್ಕು. ಬೆಕ್ಕಿಗೆ ತನ್ನ ರೂಪದ ಬಗ್ಗೆ ಮಹಾ ಕುತೂಹಲ: ನಾನು ಹೇಗೆ ಕಾಣುತ್ತೇನೆ? ತಾಯಿ ಹೊಗಳುತ್ತಾಳೆ. ಮರುದಿನ ಅದೇ ಪ್ರಶ್ನೆ, ಇನ್ನಷ್ಟು ಹೊಗಳಿಕೆ. ಹೀಗೆ ಹೊಗಳಿ ಹೊಗಳಿ ದಿನ ದೂಡುತ್ತಾಳೆ. ಅತ್ತ ಮರಿಗಳಿಗೆ ರೆಕ್ಕೆ ಬಲಿಯುತ್ತದೆ. ಅವು ಹಾರಬಲ್ಲವೆಂದು ಖಾತ್ರಿಯಾದ ದಿನ ಬೆಕ್ಕಿನ ಮುಖಕ್ಕೇ ಸತ್ಯ ಎಸೆಯುತ್ತಾಳೆ. ಎಂಥ ಸುಖದ ಬೈಗುಳವಿರಬೇಕು ಅದು! ಬೆಕ್ಕು ಎರಗುತ್ತದೆ, ಕೊನೆಯ ಮರಿ ಸಿಕ್ಕಿಬೀಳುತ್ತದೆ. ಆಗಲೂ ತಾಯಿಯ ನಾಲಗೆ ಸೋಲುವುದಿಲ್ಲ. ತೊಳೆದು ಒಣಗಿಸಿ ತಿನ್ನು, ರುಚಿ ಹೆಚ್ಚು ಎಂದು ಉಪದೇಶ ಮಾಡುತ್ತಾಳೆ. ಮರಿ ಒಣಗಿತು, ಹಾರಿತು.

ಮಣಿಪುರದ ರಂಗನಿರ್ದೇಶಕ ಹೈಸ್ನಾಂ ಕನ್ಹಯ್ಯಾಲಾಲ್ 1975ರಲ್ಲಿ ಇದನ್ನೇ ‘ಪೆಬೆತ್’ ನಾಟಕ ಮಾಡಿದರು. ಅವರ ಪತ್ನಿ ಸಾವಿತ್ರಿ ತಾಯಿಹಕ್ಕಿಯಾದರು. ಬೆಕ್ಕು ಭಕ್ತನ ವೇಷದಲ್ಲಿ ಬಂದು ಮರಿಗಳನ್ನು ಒಂದಕ್ಕೊಂದು ಎತ್ತಿಕಟ್ಟುವ ಭಾಗವನ್ನು ಕನ್ಹಯ್ಯಾಲಾಲ್ ಸೇರಿಸಿದ್ದೇ, ಹೊರಗಿನಿಂದ ಬಂದ ದೊಡ್ಡ ಸಂಸ್ಕೃತಿ ಚಿಕ್ಕದನ್ನು ನುಂಗುವ ಬಗೆ ಅಲ್ಲಿ ಕಂಡಿತು. ಅಡುಗೆಮನೆಯ ಕತೆ ಹೀಗೆ ರಾಜಕೀಯವಾಯಿತು. ಬೆಕ್ಕಂತೂ ಮೊದಲಿನಿಂದಲೂ ರಾಜಕಾರಣಿಯೇ ಎನ್ನಿ.

ಮೈತೇಯಿಯರಲ್ಲಿ ‘ವಾರಿ ಲೀಬಾ’ ಎಂಬ ಇನ್ನೊಂದು ಕಥನಕಲೆಯೂ ಇದೆ. ಒಬ್ಬನೇ ಕಲಾವಿದ ಮುಂದೆ ದಿಂಬಿಟ್ಟುಕೊಂಡು ಮಹಾಭಾರತವನ್ನು ಗಂಟೆಗಟ್ಟಲೆ ಹೇಳುತ್ತಾನೆ. ಅದು ಮಂಟಪದ ಗಾಂಭೀರ್ಯ. ನನ್ನ ಒಲವು ಒಲೆಯ ಕಡೆಗೇ.

ಅಲ್ಲಿ ಮೋಸಹೋಗುವವರಿಗೂ ಮರ್ಯಾದೆಯಿದೆ. ಮಕ್ಕಳಿಲ್ಲದ ಮುದುಕ ಮುದುಕಿ ಕೆಸವಿನ ಗೆಡ್ಡೆ ನೆಡಲು ಹೊರಟಾಗ, ಬೇಯಿಸಿ ನೆಟ್ಟರೆ ಬೇಗ ಬೆಳೆಯುತ್ತದೆ ಎಂದು ಕೋತಿಗಳು ಹೇಳುತ್ತವೆ. ಪಾಪ, ನಂಬುತ್ತಾರೆ. ರಾತ್ರಿ ಕೋತಿಗಳು ಬೆಂದ ಗೆಡ್ಡೆ ತಿಂದು, ಆ ಜಾಗದಲ್ಲಿ ಕಾಡುಕೆಸ ನೆಟ್ಟು ಹೋಗುತ್ತವೆ. ಬೆಳಗ್ಗೆ ಬೆಳೆ ಕಂಡ ಸಂಭ್ರಮ, ಉಂಡ ಮೇಲೆ ಗಂಟಲಲ್ಲಿ ತುರಿಕೆ. ಆಮೇಲೆ ಮುದುಕ ಸತ್ತಂತೆ ಮಲಗುತ್ತಾನೆ, ಮುದುಕಿ ಎದೆ ಬಡಿದುಕೊಂಡು ಅಳುತ್ತಾಳೆ, ನೋಡಲು ಬಂದ ಕೋತಿಗಳಿಗೆ ಏಟು ಬೀಳುತ್ತದೆ. ಸುಳ್ಳಿಗೆ ಸುಳ್ಳು, ಲೆಕ್ಕ ಚುಕ್ತಾ.

ಬೆಂಗಳೂರಿನಲ್ಲಿ ಓದುವ, ದುಡಿಯುವ ಮಣಿಪುರದ ಯುವಜನ ಬೇಕಾದಷ್ಟಿದ್ದಾರೆ. ಪಕ್ಕದ ಮೇಜಿನಲ್ಲೇ ಮೈತೇಯಿ ಗೆಳತಿಯೊಬ್ಬಳು ಕೂತಿದ್ದರೆ, ಊರಿನ ಗಲಭೆಯ ಸುದ್ದಿ ಕೇಳುವ ಮೊದಲು ಪೆಬೆತ್ ಬೆಕ್ಕಿಗೆ ಏನೆಂದು ಬೈಯಿತು ಎಂದು ಕೇಳಿ ನೋಡಿ.