ಹದಿನೇಳು ಅಕ್ಷರಗಳ ವ್ಯಾಕರಣ

ಠಾಣೆಯ ವಾಗ್ಳೆ ಎಸ್ಟೇಟಿನಲ್ಲಿ ರಸ್ತೆಗಳಿಗೆ ಹೆಸರಿಗಿಂತ ನಂಬರೇ ಹೆಚ್ಚು. ರೋಡ್ ನಂಬರ್ 16, ರೋಡ್ ನಂಬರ್ 22 ಅಂದರೆ ರಿಕ್ಷಾದವರಿಗೆ ಸಾಕು. 1962ರಲ್ಲಿ ಹುಟ್ಟಿದ ಎಂಐಡಿಸಿಯ ಮೊದಲ ಕೈಗಾರಿಕಾ ಪ್ರದೇಶ ಇದು. ಎಷ್ಟೋ ಕಾರ್ಖಾನೆಗಳ ಜಾಗದಲ್ಲಿ ಈಗ ಐಟಿ ಕಚೇರಿಗಳು ಬಂದಿವೆ, ರಸ್ತೆಯ ನಂಬರುಗಳು ಮಾತ್ರ ಹಾಗೇ ಇವೆ. ಇಲ್ಲಿ ಮನೆಯಲ್ಲೇ ಕೂತು ಅನುವಾದ ಮಾಡುವ ನನಗೆ ಆಗಾಗ ಇನ್ನೊಂದು ಕೆಲಸವೂ ಬರುತ್ತದೆ: ಕಲಬುರಗಿ, ವಿಜಯಪುರ ಕಡೆಯಿಂದ ಬಂದವರ ಕಾಗದಪತ್ರ ಓದಿ ಹೇಳುವುದು.

ಹೋದ ವರ್ಷ ಹಾಗೆ ಒಬ್ಬ ಅಕ್ಕ ಬಂದರು. ಗಂಡ ತೀರಿಕೊಂಡಿದ್ದರು. ಅವರ ಹೆಸರಿನಲ್ಲಿದ್ದ ಕೆಎ-32 ನಂಬರಿನ ಬಜಾಜ್ ಬೈಕನ್ನು ತಮ್ಮ ಹೆಸರಿಗೆ ಮಾಡಿಸಿಕೊಳ್ಳಬೇಕು, ಮಗ ಅದರ ಮೇಲೇ ಕೆಲಸಕ್ಕೆ ಹೋಗುವವನು. ಫಾರ್ಮ್ 31, ಮರಣ ಪ್ರಮಾಣಪತ್ರ ಎಲ್ಲ ತಯಾರಿತ್ತು. ಆದರೆ ಆರ್‌ಸಿಯಲ್ಲಿರುವ ಚಾಸಿಸ್ ನಂಬರಿಗೂ ಗಾಡಿಯ ಮೇಲಿರುವುದಕ್ಕೂ ತಾಳೆಯಾಗುತ್ತಿಲ್ಲ ಎಂದು ಏಜೆಂಟ್ ಕಾಗದ ವಾಪಸ್ ಕೊಟ್ಟಿದ್ದ.

“ಕಳವಿನ ಗಾಡಿ ಅಂತಾರೇನ್ ತಂಗಿ? ನಮ್ಮವ್ರು ರೊಕ್ಕ ಎಣಿಸಿ ಕೊಟ್ಟು ತಂದಾರ” ಎಂದರು. ಗಾಡಿ ಹೋಗುವುದಕ್ಕಿಂತ ಗಂಡನ ಹೆಸರು ಕೆಡುವುದೇ ಅವರಿಗೆ ದೊಡ್ಡ ಚಿಂತೆ.

ಈ ನಂಬರಿನಲ್ಲಿ ಹದಿನೇಳು ಅಕ್ಷರ-ಅಂಕೆಗಳಿರುತ್ತವೆ. ಭಾಷಾಶಾಸ್ತ್ರ ಓದಿದವರಿಗೆ ಅದು ಉದ್ದನೆಯ ಸಮಾಸಪದದ ಹಾಗೆ ಕಾಣುತ್ತದೆ, ಬಿಡಿಸಿದರೆ ಅರ್ಥ. ಮೊದಲ ಮೂರು ಸ್ಥಾನ ತಯಾರಕರದು: ಎಂಡಿ2 ಬಜಾಜ್, ಎಂಬಿಎಲ್ ಹೀರೋ, ಎಂಇ3 ರಾಯಲ್ ಎನ್‌ಫೀಲ್ಡ್. ನಡುವಿನ ಆರು ಗಾಡಿಯ ಮಾದರಿಯನ್ನು ಹೇಳುತ್ತವೆ. ಕೊನೆಯ ಎಂಟು ಆ ಒಂದೇ ಗಾಡಿಯವು. ಅಕ್ಷರದ ಅರ್ಥವನ್ನು ನಿರ್ಧರಿಸುವುದು ಅದರ ಸ್ಥಾನ. ಎಂಇ3ರಲ್ಲಿ ತಯಾರಕರನ್ನು ಸೂಚಿಸುವ ‘ಇ’, ಹತ್ತನೇ ಸ್ಥಾನದಲ್ಲಿ ವರ್ಷದ ಸಂಕೇತವಾಗಿ ಬಂದರೆ 2014. ಈ ವರ್ಷದ ಸಂಕೇತ ಮೂವತ್ತು ವರ್ಷಕ್ಕೊಮ್ಮೆ ಮರಳುತ್ತದೆ, ಅಂದರೆ ಅದೇ ‘ಇ’ 1984ಕ್ಕೂ ಸಲ್ಲುತ್ತದೆ.

ಅಕ್ಕನ ಆರ್‌ಸಿಯಲ್ಲಿ ಎರಡು ಕಡೆ ವ್ಯತ್ಯಾಸವಿತ್ತು. ಹದಿನೈದನೇ ಸ್ಥಾನದಲ್ಲಿ ಇಂಗ್ಲಿಷಿನ ‘ಓ’ ಬಿದ್ದಿತ್ತು. ಇದನ್ನು ಗಾಡಿ ನೋಡದೆಯೇ ತಪ್ಪು ಎನ್ನಬಹುದು. ಐ, ಓ, ಕ್ಯೂ ಅಕ್ಷರಗಳು ಒಂದು, ಸೊನ್ನೆಗಳ ಜೊತೆ ಗೊಂದಲವಾಗುತ್ತವೆ ಎಂದು ಇಡೀ ನಂಬರಿನಿಂದಲೇ ಅವನ್ನು ಕೈಬಿಡಲಾಗಿದೆ. ಸಾಲದ್ದಕ್ಕೆ ಕೊನೆಯ ನಾಲ್ಕು ಸ್ಥಾನಗಳಲ್ಲಿ ಅಂಕೆಗಳೇ ಇರಬೇಕು. ಹಾಗಾಗಿ ಅದು ಸೊನ್ನೆಯೇ.

ಇನ್ನೊಂದು ಏಳನೇ ಸ್ಥಾನದ ‘ಎಸ್’. ಅದು 5 ಇರಬಹುದೇ? ಇಲ್ಲಿ ನಿಯಮ ಕೈಕೊಟ್ಟಿತು. ಆ ಜಾಗದಲ್ಲಿ ಎರಡೂ ಬರಬಹುದು. ಅಮೆರಿಕದ ಗಾಡಿಯಾಗಿದ್ದರೆ ಒಂಬತ್ತನೇ ಸ್ಥಾನದಲ್ಲಿ ಇಡೀ ನಂಬರನ್ನು ಲೆಕ್ಕ ಹಾಕಿ ತಾಳೆ ನೋಡುವ ಅಂಕೆ ಇರುತ್ತಿತ್ತು. ನಮ್ಮಲ್ಲಿ ಅದು ಕಡ್ಡಾಯವಿಲ್ಲ.

ಕೆಳಗಿಳಿದು ಗಾಡಿಯ ಹತ್ತಿರ ಹೋದೆವು. ಹ್ಯಾಂಡಲ್ ಪೂರ್ತಿ ಹೊರಳಿಸಿದರೆ, ಅದು ಚಾಸಿಸ್‌ಗೆ ಸೇರುವ ಕೊಳವೆಯ ಪಕ್ಕದಲ್ಲಿ, ಕೇಬಲ್‌ಗಳ ಹಿಂದೆ ನಂಬರ್ ಕೊರೆದಿತ್ತು. ಸೀಮೆಎಣ್ಣೆ ಬಟ್ಟೆಯಿಂದ ಜಿಡ್ಡು ಒರೆಸಿ, ತೆಳು ಕಾಗದ ಒತ್ತಿ ಹಿಡಿದು, ಅಕ್ಕನ ಮಗ ಪೆನ್ಸಿಲ್ ಉಜ್ಜಿದ. ಏಳನೇ ಸ್ಥಾನದಲ್ಲಿ ಮೂಲೆ ಚೂಪಾಗಿ 5 ಮೂಡಿತು. ಉಳಿದ ಹದಿನೈದೂ ಆರ್‌ಸಿಯಂತೆಯೇ ಇದ್ದವು. ಇಂಜಿನ್ ನಂಬರೂ ಸರಿಯಿತ್ತು. ಟೈಪ್ ಮಾಡಿದವರ ಕೈತಪ್ಪು, ಇನ್ಶೂರೆನ್ಸ್ ಕಾಗದವೂ ಅದನ್ನೇ ನಕಲು ಮಾಡಿತ್ತು. ಅಕ್ಕ ಆ ಪೆನ್ಸಿಲ್ ಪ್ರಿಂಟನ್ನು ಸೆರಗಿನಿಂದ ಧೂಳು ಒರೆಸಿ ಮಡಚಿಟ್ಟುಕೊಂಡರು. ತಿದ್ದುಪಡಿಯ ಅರ್ಜಿಯನ್ನು ನಾನು ಬರೆದುಕೊಟ್ಟೆ.

ನಿಯಮ ಗೊತ್ತಿದ್ದರೆ ಅರ್ಧ ತಪ್ಪುಗಳು ಕೂತಲ್ಲೇ ಸಿಕ್ಕಿಬೀಳುತ್ತವೆ. ಉಳಿದರ್ಧಕ್ಕೆ ಮೂಲವನ್ನೇ ಮುಟ್ಟಿ ನೋಡಬೇಕು, ನಕಲಿಗೆ ನಕಲು ತಾಳೆಯಾದರೆ ಏನೂ ಸಾಬೀತಾಗುವುದಿಲ್ಲ. ನಿಮ್ಮ ಮನೆಯಲ್ಲಿ ಗಾಡಿಯಿದ್ದರೆ ಈ ಭಾನುವಾರ ಒಮ್ಮೆ ಹ್ಯಾಂಡಲ್ ಹೊರಳಿಸಿ, ಆರ್‌ಸಿ ಪಕ್ಕದಲ್ಲಿಟ್ಟುಕೊಂಡು ಹದಿನೇಳನ್ನೂ ಓದಿ. ಗಾಡಿ ಕೊಂಡವರು ಇರುವಾಗಲೇ ತಿದ್ದಿಸುವುದು ಸುಲಭ.